ಕರಿಬಸವನ ಸ್ಕಾರ್ಫು

ಸ್ಕೌಟಿನ ಹುಡುಗರು ಕೊರಳಿನ ಸ್ಕಾರ್ಫಿಗೆ ತೊಡಿಸುತ್ತಿದ್ದ ಆ ಚರ್ಮದ ಬಳೆ, ಅದಕ್ಕೊಂದು ಹೆಸರಿತ್ತು. ವಾಗಿಲಾ, ವಗಲಾ? ಈ ದೂರದ ಊರಲ್ಲಿ ಯಾರನ್ನು ಕೇಳೋದು? ಹೋಗಲಿ ಸುಮಿ, ಬಳೆ ಅಂತಲೇ ಬರೆದುಕೋ.

ಹರಿಹರದಲ್ಲಿ ದೇವೀರಮ್ಮ ಅಂತ ಒಬ್ಬಳು. ಅವಳಿಗೊಬ್ಬನೇ ಮಗ ಕರಿಬಸವ. ಬಾಗಿಲು ನೋಡಿಕೋ ಅಂದರೆ ಬಾಗಿಲನ್ನೇ ನೋಡುತ್ತಾ ಕೂರುವವನು, ಹಿಂದೆ ಬೆಕ್ಕು ಹಾಲು ಕುಡಿದರೂ ಕತ್ತು ತಿರುಗಿಸದವನು. ದೊಡ್ಡ ಯುದ್ಧ ಮುಗಿದು ಮಿಲಿಟರಿ ಖಾಕಿ ಸಂತೆಗೆ ಬಂದ ಕಾಲ ಅದು. ಸ್ಕೌಟಿಗೆ ಸೇರಿದ ಹುಡುಗರು ಮನುಷ್ಯರಾಗುತ್ತಾರೆ ಎಂದು ಊರೆಲ್ಲ ಮಾತು. ದೇವೀರಮ್ಮ ಖಾಕಿ ಚಡ್ಡಿ ಹೊಲಿಸಿ, ಶಾಂತರಾಜಪ್ಪ ಮೇಷ್ಟ್ರ ಕೈಕಾಲು ಹಿಡಿದು ಮಗನನ್ನು ಸೇರಿಸಿದಳು.

ಬೆಳಿಗ್ಗೆ ಸ್ಕಾರ್ಫಿನ ತುದಿಗೆ ಗಂಟು ಹಾಕು, ಒಂದು ಒಳ್ಳೆಯ ಕೆಲಸ ಮಾಡಿ ಬಿಚ್ಚು ಎಂದರು ಮೇಷ್ಟ್ರು. ಹೊರೆ ಹೊತ್ತವರನ್ನು ಕಂಡರೆ ಇಳಿಸಿಕೊಂಡು ಮನೆ ಮುಟ್ಟಿಸು ಎಂದರು.

ಸಂತೆಗೆ ಹೊರಟಿದ್ದ ಬದನೆಕಾಯಿ ಬಸಕ್ಕನ ಬುಟ್ಟಿ ಇಳಿಸಿಕೊಂಡ. ಅವಳು ಬೈಯುತ್ತಾ ಹಿಂದೆ ಓಡಿದರೂ ಬಿಡದೆ ಅವಳ ಮನೆಗೇ ಮುಟ್ಟಿಸಿ ಗಂಟು ಬಿಚ್ಚಿದ. ಅವ್ವ ಹಣೆ ಚಚ್ಚಿಕೊಂಡಳು. "ಎಲ್ಲಿಗೆ ಅಂತ ಮೊದಲು ಕೇಳಬಾರದೇನೋ?"

ಮರುದಿನ ಹಣ್ಣುಹೂವು ಹೊತ್ತು ಹೆಣ್ಣು ನೋಡಲು ಹೊಸಿಲು ದಾಟುತ್ತಿದ್ದವರ ಎದುರು ನಿಂತು, "ಎಲ್ಲಿಗೆ?" ಎಂದ. ಅಪಶಕುನ ಅಂತ ಅಷ್ಟೂ ಜನ ಒಳಗೆ ಹೋಗಿ ನೀರು ಕುಡಿದು ಕೂತರು. ಒಳ್ಳೆ ಗಳಿಗೆ ಮೀರಿಹೋಯಿತು. ಮೇಷ್ಟ್ರು ಬಂದು, "ಇನ್ನೊಂದು ತಪ್ಪು ಮಾಡಿದರೆ ಸ್ಕಾರ್ಫು ಬಿಚ್ಚಿಸಿಕೊಳ್ತೀನಿ, ದೇವೀರಮ್ಮ," ಎಂದು ಹೋದರು.

ಅವಳಿಗೆ ಕೂತಲ್ಲಿ ಕೂರಲಾಗಲಿಲ್ಲ. ಅದೂ ಹೋದರೆ ಇವನು ಮನುಷ್ಯನಾಗುವುದೆಂದು? "ಹೊರಟವರನ್ನು ಎಲ್ಲಿಗೆ ಅನ್ನಬಾರದು, ಮಗನೇ. ಬಾಯಿ ಮುಚ್ಚಿಕೊಂಡು ಹೊರೆಗೆ ಕೈ ಕೊಡು, ಸೆಲ್ಯೂಟ್ ಹೊಡೆ, ಸಾಕು."

ಬಟ್ಟೆ ಒಗೆಯಲು ಹೊಳೆಗೆ ಹೊರಟವಳು ಮನಸ್ಸು ತಡೆಯದೆ ಅರ್ಧ ದಾರಿಗೇ ತಿರುಗಿ ಬಂದಳು. ಮಗ ಹೊಸಿಲಲ್ಲಿ ನಗುತ್ತಾ ನಿಂತಿದ್ದ. ಬಚ್ಚಲಲ್ಲಿ ತಾಮ್ರದ ಹಂಡೆ ಇಲ್ಲ.

"ಯಾರೋ ಒಬ್ಬ ಎತ್ತಲಾರದೆ ಒದ್ದಾಡ್ತಿದ್ದ, ಅವ್ವಾ. ಕೈ ಕೊಟ್ಟೆ."

"ಯಾವ ಕಡೆ ಹೋದನೋ?"

"ಹೊರಟವರನ್ನು ಕೇಳಬಾರದು ಅಂದೆಯಲ್ಲ."

ಸುದ್ದಿ ತಿಳಿದು ಮೇಷ್ಟ್ರು ಬಂದು ಕೈ ಚಾಚಿದರು. ಆದರೆ ಕೊರಳಲ್ಲಿ ಸ್ಕಾರ್ಫೇ ಇಲ್ಲ. ಪಾಪ, ತಲೆ ಒತ್ತುತ್ತದೆ ಅಂತ ಅದನ್ನೇ ಸಿಂಬೆ ಸುತ್ತಿ ಕಳ್ಳನ ತಲೆಗಿಟ್ಟು, ಅದರ ಮೇಲೆ ಹಂಡೆ ಹೊರಿಸಿದ್ದ.

"ಗಂಟು ಬಿಚ್ಚಿಯೇ ಕೊಟ್ಟೆ, ಸಾರ್," ಎಂದ. ಆಮೇಲೆ ಮುಷ್ಟಿ ಬಿಡಿಸಿ ಬಳೆ ನೋಡಿದವನೇ ಗಾಬರಿಯಾದ. "ಅಯ್ಯೋ, ಇದು ಉಳಿದೇಹೋಯ್ತು. ಇದಿಲ್ಲದೆ ಸ್ಕಾರ್ಫು ಕೊರಳಲ್ಲಿ ನಿಲ್ಲಲ್ಲ ಅಂದಿದ್ರಲ್ಲ ನೀವು!"

ಅಷ್ಟೇ, ಕಳ್ಳನನ್ನು ಹುಡುಕಿ ಕೊಟ್ಟುಬರಲು ಬೀದಿಗೆ ಹಾರಿದ. ಹಿಂದೆ ಅವ್ವ, ಅವ್ವನ ಹಿಂದೆ ಮೇಷ್ಟ್ರು.

ವಾಗಲ್! ಹಾಂ, ವಾಗಲ್. ಮರೆಯುವ ಮೊದಲು ಬರೆದಿಡೇ, ಸುಮಿ.