ನೂರು ಮಣ ಸುಣ್ಣದ ಕಲ್ಲು

"ಗುರುಗಳೇ, ಬೊಪ್ಪಯ್ಯನೂ ನಾನೂ ಒಂದೇ ದಿನ ಮಠಕ್ಕೆ ಬಂದವರು. ಹನ್ನೆರಡು ವರ್ಷ ಒಂದೇ ವ್ರತದಲ್ಲಿ ಬೆಂದವರು. ಅವನು ವಾದ ಬಿಟ್ಟ, ಹಟ ಬಿಟ್ಟ, ದಿನೇ ದಿನೇ ಬರಿದಾದ. ನಾನು ತಂದದ್ದರಲ್ಲಿ ಒಂದಕ್ಷರವನ್ನೂ ಕಳೆದುಕೊಂಡಿಲ್ಲ. ಆದರೂ ಪೀಠಕ್ಕೆ ಅವನನ್ನೇ ಏಕೆ ಆರಿಸಿದಿರಿ?" ಎಂದು ಶಿಷ್ಯ ಚೆನ್ನಮಲ್ಲ ಕೇಳಿದ.

ಗುರುಗಳು ಒಂದು ಕತೆ ಹೇಳಿದರು.

ಕೆರೆಗೆ ತೂಬು ಕಟ್ಟಿಸುತ್ತಿದ್ದ ಒಬ್ಬ ಅಧಿಕಾರಿ ಇಬ್ಬರು ಸುಣ್ಣಗಾರರಿಗೆ ತಲಾ ನೂರು ಮಣ ಸುಣ್ಣದ ಕಲ್ಲು ತೂಗಿ ಕೊಟ್ಟ. ಸುಟ್ಟು ತಂದಾಗ ಮೊದಲನೆಯವನದು ಅರವತ್ತೇಳು ಮಣ ತೂಗಿತು. ಎರಡನೆಯವನದು ಐವತ್ತಾರೇ ಮಣ. ಆತುರಗಾರನಿಗೆ ಬುದ್ಧಿ ಮಟ್ಟ. ಅವನ ಕೈಗೆ ಅಧಿಕಾರವನ್ನೂ ಕೊಟ್ಟರೆ ಕೇಳಬೇಕೆ? ಮೊದಲನೆಯವನಿಗೆ ಶಾಲು ಹೊದಿಸಿದ. ಎರಡನೆಯವನನ್ನು ಕಂಬಕ್ಕೆ ಕಟ್ಟಿಸಿದ.

"ಒಂದೇ ಗುಡ್ಡದ ಕಲ್ಲು, ಒಂದೇ ತಕ್ಕಡಿ. ಹನ್ನೊಂದು ಮಣ ಎಲ್ಲಿ ಬಚ್ಚಿಟ್ಟೆ? ಹೇಳದಿದ್ದರೆ ಬಲಗೈ ಕಡಿಸುತ್ತೇನೆ."

"ಕದ್ದಿಲ್ಲ ಒಡೆಯ. ನೂರು ಮಣ ಕಲ್ಲು ಒಳಗಿನ ತನಕ ಬೆಂದರೆ ನಲವತ್ತನಾಲ್ಕು ಮಣ ಗಾಳಿಗೆ ಹೋಗುತ್ತದೆ. ಇದು ನಮ್ಮ ಅಜ್ಜನ ಕಾಲದ ಲೆಕ್ಕ. ಅವನ ಕಲ್ಲಿನಿಂದ ಹೋದದ್ದು ಮೂವತ್ತಮೂರೇ. ಅಂದರೆ ಮುಕ್ಕಾಲು ಪಾಲು ಮಾತ್ರ ಬೆಂದಿದೆ. ನೀರು ಹೊಯ್ಯಿಸಿ ನೋಡಿ. ಬೆಂದದ್ದು ಅರಳುತ್ತದೆ, ಬೇಯದ ಕಲ್ಲು ಕಲ್ಲಾಗಿಯೇ ಇರುತ್ತದೆ. ಅವನದರಲ್ಲಿ ಇಪ್ಪತ್ತೈದು ಮಣ ಕಲ್ಲು ಉಳಿಯದಿದ್ದರೆ ನನ್ನ ಎರಡೂ ಕೈ ಕಡಿಸಿ."

ಎರಡನ್ನೂ ಬೇರೆ ಬೇರೆ ಗುಂಡಿಗೆ ಸುರಿದು ನೀರು ಹೊಯ್ದರು. ಐವತ್ತಾರು ಮಣವೂ ಕುದಿದು, ಅರಳಿ, ಬೆಣ್ಣೆಯಂತಾಯಿತು. ಒಂದು ಹರಳೂ ಉಳಿಯಲಿಲ್ಲ. ಇನ್ನೊಂದು ಗುಂಡಿಯಲ್ಲಿ ಕಲ್ಲು ಉಳಿಯಿತು. ಅದನ್ನು ತೊಳೆದು ಬಿಸಿಲಿಗೆ ಹರಡಿದರು. ಅದು ಒಣಗುವವರೆಗೂ ಎರಡನೆಯವನು ಕಂಬದಲ್ಲೇ ಇದ್ದ. ಅವನಿಗೆ ಹೆದರಿಕೆಯಾಗಿತ್ತು.

ತೂಗಿದರು. ಇಪ್ಪತ್ತಮೂರು ಮಣ.

ಕತ್ತಿಯವನು ಹತ್ತಿರ ಬಂದು ಅವನ ಬಲಗೈ ಹಿಡಿದ.

"ಗುಂಡಿಯ ತಳ ಬಗೆಯಿರಿ!" ಎಂದು ಅವನು ಕೂಗಿದ.

ಬಗೆದರು. ತಳದಲ್ಲಿ ಇನ್ನಷ್ಟು ಕಲ್ಲು ಹೂತಿತ್ತು. ಅದನ್ನೂ ತೊಳೆದು, ಒಣಗಿಸಿ ತಕ್ಕಡಿಗೆ ಹಾಕಿದರು. ಸರಿಯಾಗಿ ಇಪ್ಪತ್ತೈದು ಮಣವಾಯಿತು. ಅಧಿಕಾರಿ ತಾನೇ ಎದ್ದು ಹೋಗಿ ಹಗ್ಗ ಬಿಚ್ಚಿದ. ನಾಚಿಕೆಯಿಂದ ಅವನಿಗೆ ತಲೆ ಎತ್ತಲಾಗಲಿಲ್ಲ.

ಕತೆ ಮುಗಿಸಿ ಗುರುಗಳು ಚೆನ್ನಮಲ್ಲನ ಕಡೆ ತಿರುಗಿದರು.

"ನಿನ್ನಿಂದ ಏನೇನು ಹೋಗಿದೆ ಹೇಳಪ್ಪ, ಎಷ್ಟು ಬೆಂದಿದ್ದೀಯೆ ಎಂದು ನಾನು ಹೇಳುತ್ತೇನೆ."