ಬಿಟ್ಟಗೆರೆಯಲ್ಲಿ ಕೆರೆಯಿಲ್ಲ

ಬಿಟ್ಟಗೆರೆ ಗುಡ್ಡಕ್ಕೆ ಬಂದವರು ಮೊದಲು ಕೇಳುವುದೇ ಕೆರೆ ಎಲ್ಲಿ ಎಂದು. ಅವರ ತಪ್ಪೇನಿಲ್ಲ, ಹೆಸರಿನ ಕೊನೆಗೆ ‘ಗೆರೆ’ ಇದ್ದರೆ ಅಲ್ಲೊಂದು ಕೆರೆ ಇರಬೇಕೆನ್ನುವುದು ನಮ್ಮ ನಾಡಿನ ರೂಢಿ. ಒಮ್ಮೆ ಒಬ್ಬ ಮಹಾಶಯರು ಡಬ್ಬದ ತುಂಬ ಮೀನಿನ ಮರಿ ಹೊತ್ತು ತಂದು, ಗುಡ್ಡವನ್ನು ಎರಡು ಸುತ್ತು ಸುತ್ತಿ, ಯಾರನ್ನೋ ಬೈದುಕೊಂಡು ಹಿಂತಿರುಗಿದ್ದೂ ಉಂಟು. ಇಲ್ಲಿರುವುದು ಕುರುಚಲು ಜಾಲಿ, ಕಾದ ಕರಿಕಲ್ಲು, ನೆತ್ತಿಯ ಮೇಲೆ ಕಣದಷ್ಟು ಅಗಲದ ಒಂದು ಹಾಸುಬಂಡೆ. ಬಂಡೆಯ ಮೈತುಂಬ ಉಳಿಯಿಂದ ಕೊರೆದ ಹಳ್ಳ, ದಾರಿ, ದಿಬ್ಬಗಳಿವೆ. ಅದು ಗೆರೆಮನೆಯವರ ನಕ್ಷೆ ಎನ್ನುತ್ತಾರೆ.

ಹಿಂದೆ ಒಮ್ಮೆ, ಈ ಸೀಮೆ ಪಾಳೆಯಗಾರರ ಕೈಯಲ್ಲಿದ್ದ ಕಾಲದಲ್ಲಿ, ಗುಡ್ಡದ ಮೇಲೆ ನಕ್ಷೆಯ ಮಂತ್ರವಿದ್ಯೆ ಕಲಿಸುವ ಶಾಲೆಯೊಂದಿತ್ತು. ಅದಕ್ಕೇ ಗೆರೆಮನೆ ಎಂದು ಹೆಸರು. ಉಳಿದವರು ನೆಲ ನೋಡಿ ನಕ್ಷೆ ಬರೆದರೆ, ಇವರ ನಕ್ಷೆ ನೋಡಿ ನೆಲವೇ ತನ್ನನ್ನು ತಿದ್ದಿಕೊಳ್ಳುತ್ತಿತ್ತು. ಮಂತ್ರ ಹೇಳುತ್ತ ಬಂಡೆಯಲ್ಲಿ ಹಳ್ಳ ಕೊರೆದರೆ ಬಯಲಲ್ಲಿ ಹಳ್ಳ ಹರಿಯುತ್ತಿತ್ತು. ಕೊರೆದುದನ್ನು ಅಳಿಸುವ ಮಂತ್ರ ಮಾತ್ರ ಯಾರಿಗೂ ತಿಳಿದಿರಲಿಲ್ಲ. ಗೆರೆಯನ್ನು ಮುಗಿಸದೆ ಉಳಿ ಕೆಳಗಿಟ್ಟರೆ ನೆಲವೇನೋ ಮೊದಲಿನಂತಾಗುತ್ತಿತ್ತು. ಆದರೆ ಕೆಳಗಿಟ್ಟವರ ಕಾಲು ಮತ್ತೆಂದೂ ನಿಲ್ಲದೆ ನಡೆಯುತ್ತಲೇ ಇರುತ್ತಿತ್ತು. ಹಾಗಾಗಿ ಗೆರೆಮನೆಯಲ್ಲಿ ಅರ್ಧಕ್ಕೆ ಬಿಟ್ಟ ಗೆರೆ ಒಂದೂ ಇರಲಿಲ್ಲ.

ಅಲ್ಲಿ ಕಲಿಯುತ್ತಿದ್ದ ಮಾಳವ್ವ ಮುತ್ತಲಹಟ್ಟಿಯ ಕುರುಬರ ಮಗಳು. ಹಟ್ಟಿ ಎಂದರೆ ಹೆಸರಿಗೆ ಊರು. ಹುಲ್ಲು ಇದ್ದಲ್ಲಿಗೆ ಎದ್ದು ನಡೆಯುವ ಬೀಡು ಅದು. ಹುಟ್ಟಿದಾಗಿನಿಂದ ನಡೆದು ನಡೆದು ಅವಳಿಗೆ ಸಾಕುಸಾಕಾಗಿತ್ತು. ತಮ್ಮ ಮೊದಲ ಗೆರೆಯನ್ನು ಮುಗಿಸಿದವರಿಗೆ ಗುಡ್ಡದ ಮೇಲೊಂದು ಕೋಣೆ ಬದುಕಿರುವವರೆಗೂ ಸಿಗುತ್ತಿತ್ತು. ಮಾಳವ್ವ ಶಾಲೆ ಸೇರಿದ್ದೇ ಆ ಕೋಣೆಯ ಆಸೆಗೆ. ಮೂಡಣ ದಿಕ್ಕಿನ ಕೋಣೆಯನ್ನು ಗುರುತು ಹಾಕಿಕೊಂಡು, ಯಾವ ಗೋಡೆಗೆ ಬೆನ್ನು ಕೊಟ್ಟು ಕೂರಬೇಕೆಂಬುದನ್ನೂ ನಿರ್ಧರಿಸಿಬಿಟ್ಟಿದ್ದಳು.

ಆ ವರ್ಷ ಪಾಳೆಯಗಾರನಿಂದ ಓಲೆ ಬಂತು: ‘ಮುತ್ತಲಹಟ್ಟಿಗೆರೆಯನ್ನು ಬರೆಯತಕ್ಕದ್ದು.’ ಗುರು ಅಡವಯ್ಯನವರು ದೊಡ್ಡ ವೈಯಾಕರಣಿ. ಪದ ಕಂಡರೆ ಬಿಡಿಸದೆ ಬಿಡುವವರಲ್ಲ. ಹಟ್ಟಿಗೆ ಕೆರೆ ಸೇರಿ ಹಟ್ಟಿಗೆರೆ ಎಂದು ಸಂಧಿ ಬಿಡಿಸಿ, ಬಂಡೆಯ ನಕ್ಷೆಯಲ್ಲಿ ಹಟ್ಟಿಯಿದ್ದ ದಿಬ್ಬದ ಕೆಳಗೆ ಬರಿದಾಗಿದ್ದ ತಗ್ಗನ್ನು ತೋರಿಸಿ, ಕೆರೆಯ ದಂಡೆ ಕೊರೆಯುವ ಕೆಲಸವನ್ನು ಮಾಳವ್ವನಿಗೆ ಒಪ್ಪಿಸಿದರು. ಅವಳು ಹಿಗ್ಗಿಹೋದಳು. ನೀರಿದ್ದರೆ ತನ್ನವರೂ ಒಂದು ಕಡೆ ನೆಲೆ ನಿಲ್ಲುತ್ತಾರಲ್ಲ! ಏಳು ದಿನ ಉಳಿಯನ್ನು ಕೈಬಿಡದೆ ಕೊರೆದಳು. ಎಂಟನೆಯ ದಿನ ಮಧ್ಯಾಹ್ನದ ಹೊತ್ತಿಗೆ ಗೆರೆಯ ಎರಡು ತುದಿ ಕೂಡಲು ಒಂದು ಗೇಣು ಉಳಿದಿತ್ತು. ಆಗ ಅವಳ ತಂಗಿ ಬೀರವ್ವ ಏದುಸಿರು ಬಿಡುತ್ತ ಗುಡ್ಡ ಹತ್ತಿ ಬಂದಳು. ಸೀರೆ ಮೊಣಕಾಲಿನವರೆಗೆ ತೊಯ್ದಿತ್ತು.

“ಅಕ್ಕಾ, ಒಲಿಯೊಳಗ ನೀರು ಉಕ್ಕಾಕತ್ತೈತಿ! ಅವ್ವನ ಹಾಸಿಗಿ ತೇಲಾಕತ್ತೈತಿ!”

“ದಿಬ್ಬದ ಮ್ಯಾಲ ಎಲ್ಲಿ ನೀರು?”

“ದಿಬ್ಬ ಬಿಟ್ಟು ತಗ್ಗಿಗೆ ಇಳದೀವಿ. ಮಂದಿ ಕುರಿ ನುಗ್ಗಬಾರದು, ಸುತ್ತ ಒಂದು ಗೆರಿ ಹಾಕಿಸಿಕೊಡ್ರಿ ಅಂತ ದೊರಿಗೆ ಕೇಳಿದ್ವಿ. ನೀರು ಯಾರು ಕೇಳಿದ್ರು?”

ಮಾಳವ್ವ ಓಲೆಯತ್ತ ನೋಡಿದಳು. ಗೆರೆ ಎಂದು ಬರೆದಿತ್ತು, ಗೆರೆ ಎಂದೇ ಅರ್ಥವಿತ್ತು. ಆಗಷ್ಟೇ ಅಕ್ಷರ ಕಲಿತ ಮಗುವೂ ಸರಿಯಾಗಿ ಓದುತ್ತಿತ್ತು. ಇದು ವ್ಯಾಕರಣ ಬಲ್ಲವರಷ್ಟೇ ಮಾಡಬಹುದಾದ ತಪ್ಪು. ಅಡವಯ್ಯನವರ ಮುಖ ಬಿಳಿಚಿಕೊಂಡಿತು. ಆದರೂ ಅವರು ಹೇಳಿದರು: “ಉಳಿ ಕೆಳಗ ಇಡಬ್ಯಾಡವ್ವಾ. ಇಟ್ರ ಉಣ್ಣಾಕ ಸುದ್ದಾ ಕುಂದ್ರಲಾರಿ. ಹಟ್ಟಿ ಏಳೂದು ಹೊಸದಲ್ಲ, ಎದ್ದು ಹೋಗಲಿ.”

ಒಂದು ಗಳಿಗೆ ಮಾಳವ್ವನಿಗೂ ಹಾಗೇ ಅನ್ನಿಸಿತು. ಸುಳ್ಳೇಕೆ, ಅವಳಿಗೆ ಆ ಕೋಣೆ ಬೇಕಾಗಿತ್ತು. ಆದರೆ ಉಳಿ ಕೈಯಲ್ಲಿರುವಷ್ಟು ಹೊತ್ತೂ ಕೆಳಗೆ ನೀರು ಏರುತ್ತಲೇ ಇತ್ತು. ಹಾಸಿಗೆ ಹಿಡಿದ ತಾಯಿ, ಮೊನ್ನೆ ಈದ ಕುರಿಗಳು, ಇನ್ನೂ ಕಾಲು ಬಾರದ ಮರಿಗಳು ಎಷ್ಟು ಬೇಗ ದಿಬ್ಬ ಹತ್ತಿಯಾವು? ಅವಳಿಗೆ ಅಳುವೂ ಬಂತು, ಸಿಟ್ಟೂ ಬಂತು.

“ಓದಿದವರು ನೀವು, ನಡಿಯಾಕಿ ನಾನು,” ಎಂದು ಗುರುವಿನ ಮುಖಕ್ಕೇ ಹೇಳಿ ಉಳಿಯನ್ನು ಬಂಡೆಯ ಮೇಲಿಟ್ಟಳು.

ತಗ್ಗಿನ ನೀರು ಬಂದ ದಾರಿಯಲ್ಲೇ ಇಂಗಿತು. ಮಾಳವ್ವನ ಕಾಲು ಆಗಲೇ ಗುಡ್ಡ ಇಳಿಯತೊಡಗಿತ್ತು. ಮೂರು ದಿನ ಅವಳು ಹಟ್ಟಿಯನ್ನೇ ಸುತ್ತಿದಳಂತೆ. ಮನೆಯ ಮುಂದೆ ಹಾಯುವಾಗಲೆಲ್ಲ ಒಳಗಿನಿಂದ ತಾಯಿ ಕೂಗುತ್ತಿದ್ದಳು. ಇವಳು ಓಗೊಡುತ್ತಲೇ ಮುಂದೆ ಹೋಗುತ್ತಿದ್ದಳು. ಬೀರವ್ವ ರೊಟ್ಟಿ ಹಿಡಿದು ಜೊತೆಗೆ ಓಡಿದಳು, ತಂಬಿಗೆ ಹಿಡಿದು ಓಡುತ್ತಲೇ ಅಕ್ಕನ ಒಡೆದ ಹಿಮ್ಮಡಿಗೆ ನೀರು ಹಾಕಿದಳು. ನಾಲ್ಕನೆಯ ದಿನ ಕಾಲು ಬೇರೆ ದಾರಿ ಹಿಡಿಯಿತು. ಆಮೇಲೆ ಅವಳನ್ನು ಅಲ್ಲಿ ಕಂಡೆ, ಇಲ್ಲಿ ಕಂಡೆ ಎಂದವರುಂಟು, ನಿಂತದ್ದನ್ನು ಕಂಡವರಿಲ್ಲ. ಅಡವಯ್ಯನವರು ಗೆರೆಮನೆಯ ಬಾಗಿಲು ಹಾಕಿ ಎಲ್ಲಿಗೋ ಹೋದರು. ಮುಗಿಸದೆ ಬಿಟ್ಟ ಆ ಗೆರೆಯಿಂದ ಗುಡ್ಡಕ್ಕೆ ಬಿಟ್ಟಗೆರೆ ಎಂದು ಹೆಸರಾಯಿತು ಎನ್ನುತ್ತಾರೆ.

ಇಂದಿಗೂ ಬಂಡೆಯ ಮೇಲೆ ಆ ಗೆರೆಯನ್ನು ನೋಡಬಹುದು. ಬಂದವರು ತುದಿಗಳ ನಡುವೆ ಕೈ ಚಾಚಿ ಗೇಣು ಅಳೆಯುತ್ತಾರೆ, ಫೋಟೋ ತೆಗೆಸಿಕೊಳ್ಳುತ್ತಾರೆ. ಮುತ್ತಲಹಟ್ಟಿ ಈಗ ತಗ್ಗಿನಲ್ಲೇ ನೆಲೆ ನಿಂತ ಊರು. ಅಲ್ಲಿ ಪ್ರತಿ ಮನೆಯ ಹೊಸ್ತಿಲ ಹೊರಗೆ ಒಂದು ತಂಬಿಗೆ ನೀರು ಇಟ್ಟಿರುತ್ತಾರೆ. ತಿಳಿಯದೆ ಅದರಲ್ಲಿ ಕಾಲು ತೊಳೆದವರು ಬೈಸಿಕೊಳ್ಳುತ್ತಾರೆ, ಅದು ಮಾಳವ್ವನ ಕಾಲಿಗೆ ಇಟ್ಟದ್ದು. ನೀರಿಟ್ಟವರು ಒಳಗೂ ಕರೆಯಬಹುದಲ್ಲ ಎಂದು ಒಬ್ಬ ಹೆಂಗಸನ್ನು ಕೇಳಿದರೆ, ಅವಳು ತಂಬಿಗೆಯನ್ನು ದಾರಿಯ ಕಡೆಗೆ ಸ್ವಲ್ಪ ಸರಿಸಿ ಹೇಳಿದಳು: “ಒಳಗ ಬಾ, ಕುಂದ್ರು ಅಂತ ಹೆಂಗ ಅನ್ನೂದ್ರಿ? ಕೇಳಿದ್ರ ಆಕಿಗೆ ಸಂಕಟ ಆಗೂದಿಲ್ಲೇನು?”