ಎರಡನೆಯ ಜೋಳಿಗೆ

ಮಲ್ಲರಸನ ಗಂಟು ಬೆಳಿಗ್ಗೆಯೇ ಕಟ್ಟಿ ಸಿದ್ಧವಾಗಿತ್ತು.

ಹೊಳೆದಂಡೆಯ ಆಶ್ರಮದಲ್ಲಿ ಸಂಗಮಯ್ಯನವರ ಹತ್ತಿರ ಗಣಿತ ಕಲಿಯಲು ಬಂದವನು ಅವನು. ಬುದ್ಧಿ ಚುರುಕು, ಸುಳ್ಳು ಹೇಳಬಾರದು. ಆದರೆ ಕೂತಲ್ಲಿ ಕೂರುವ ಜಾತಿಯಲ್ಲ. ಕೆಳಗಿನ ಪಟ್ಟಣದಲ್ಲಿ ಗ್ರಹಣದ ಲೆಕ್ಕ ಹೇಳಿಕೊಡುವ ದೊಡ್ಡ ಪಂಡಿತರು ಇದ್ದಾರೆಂದು ಕೇಳಿದಾಗಿನಿಂದ ಅಂಡು ಸುಟ್ಟ ಬೆಕ್ಕಿನ ಹಾಗೆ ಅಂಗಳ ಸುತ್ತುತ್ತಿದ್ದ.

“ಗುರುಗಳೇ, ಇವತ್ತು ಸಂಜೆ ದೋಣಿ ಇದೆ. ಅಪ್ಪಣೆ ಕೊಡಿ.”

“ಹೋಗುವೆಯಂತೆ. ಕೆಂಚವ್ವ ಬಂದು ಒಂದು ಲೆಕ್ಕ ಕೇಳಿದ್ದಾಳೆ. ಅದನ್ನು ಮುಗಿಸಿಕೊಟ್ಟು ಹೋಗು.”

ಸಂಗತಿ ಇಷ್ಟೇ. ಈ ಸಲದ ನೆರೆಯಲ್ಲಿ ಹೊಳೆ ಹಾದಿ ಬದಲಿಸಿತ್ತು. ಊರ ಮೇಲುಗಡೆ ಒಳಕ್ಕೆ ನುಗ್ಗಿ ಕೆಂಚವ್ವನ ಹೊಲ ನುಂಗಿತ್ತು. ಕೆಳಗಡೆ ಹಿಂದಕ್ಕೆ ಸರಿದು ಹಾಲಪ್ಪಗೌಡನ ಹೊಲದ ಮುಂದೆ ಹೊಸ ಮೆಕ್ಕಲು ಮಣ್ಣು ಬಿಟ್ಟು ಹೋಗಿತ್ತು.

ಆ ಊರಿಗೊಂದು ಕಟ್ಟಳೆ. ಹೊಳೆ ತಿಂದಷ್ಟನ್ನು ಹೊಳೆ ಕೊಟ್ಟ ನೆಲದಲ್ಲೇ ತುಂಬಿಕೊಡಬೇಕು. ಮಿಕ್ಕಿದ್ದೇನಾದರೂ ಇದ್ದರೆ ಎದುರು ಹೊಲದವರಿಗೆ. ಅಳೆಯುವವರು ಮಾತ್ರ ಆಶ್ರಮದವರು. ಅವರಿಗೆ ಅಂಗೈಯಗಲ ಹೊಲವೂ ಇಲ್ಲವಲ್ಲ!

ಸಂಜೆ ಹಿರಿಯರು ಉತ್ತರ ಕೇಳಲು ಬರುವವರಿದ್ದರು. ಮಣ್ಣಿನ ಹಸಿ ಆರುವ ಮುಂಚೆ ಬಿತ್ತನೆಯಾಗಬೇಕು. ಕೆಂಚವ್ವ ಗಂಡನಿಲ್ಲದವಳು, ಇದ್ದದ್ದು ಅದೊಂದೇ ಹೊಲ.

“ಚೌಕ ಹೊಲವಾಗಿದ್ದರೆ ಉದ್ದ ಅಗಲ ಗುಣಿಸಿ ಬಿಸಾಕಬಹುದಿತ್ತು,” ಎಂದು ಗೊಣಗಿದ ಮಲ್ಲರಸ. “ಹಳೆಯ ದಂಡೆ ಒಂದು ಡೊಂಕು, ಹೊಸ ದಂಡೆ ಇನ್ನೊಂದು ಡೊಂಕು. ನಡುವಿನ ನೆಲಕ್ಕೆ ಆಕಾರವೇ ಇಲ್ಲ.”

“ಪಡವಲಕಾಯಿಯೂ ಡೊಂಕೇ. ಹೆಚ್ಚದೆ ಬೇಯಿಸುತ್ತಾರೇನು? ಗೂಟದಿಂದ ಗೂಟಕ್ಕೆ ಒಂದೇ ಅಗಲದ ಒಂದೊಂದು ಪಟ್ಟೆ ಮಾಡು. ಪಟ್ಟೆ ಕಿರಿದಾದಷ್ಟೂ ಲೆಕ್ಕ ನಿಜಕ್ಕೆ ಹತ್ತಿರ.”

ಗುರುಗಳು ಗೂಟ, ಅಳತೆಹಗ್ಗ, ಒಂದು ಬುಟ್ಟಿ ಹುಣಸೆಬೀಜ ಕೊಟ್ಟರು. ಪಟ್ಟೆ ಎಷ್ಟು ಮಾರು ಉದ್ದವೋ ಅಷ್ಟು ಬೀಜ ಜೋಳಿಗೆಗೆ, ಆಶ್ರಮದ ರೂಢಿ ಅದು. ಗೋಡೆಯ ಮೊಳೆಯಿಂದ ಎರಡು ಜೋಳಿಗೆ ತೆಗೆದು ಅವನ ಮುಂದೆ ಹಿಡಿದರು.

“ಒಂದೇ ಸಾಕು ಗುರುಗಳೇ. ಹೊಳೆ ತಿಂದ ಕಡೆ ಬೀಜ ಹಾಕುತ್ತೇನೆ, ಕೊಟ್ಟ ಕಡೆ ತೆಗೆಯುತ್ತೇನೆ. ಕೊನೆಗೆ ಉಳಿದದ್ದೇ ಉತ್ತರ. ಎರಡೆರಡು ಹೊತ್ತು ತಿರುಗುವ ಕರ್ಮ ಯಾಕೆ?”

ಗುರುಗಳು ಎರಡನೆಯದನ್ನು ಮತ್ತೆ ಮೊಳೆಗೆ ತೂಗುಹಾಕಿದರು.

ಹಳೆಯ ದಂಡೆಯ ಗುರುತು ಸುಲಭವಿತ್ತು. ಅದರುದ್ದಕ್ಕೂ ಹೊಂಗೆಮರದ ಸಾಲು. ಮೇಲುಗಡೆ ಆ ಮರಗಳು ಈಗ ನೀರಲ್ಲಿ ನಿಂತಿದ್ದವು, ಕೆಳಗಡೆ ನೀರಿನಿಂದ ದೂರ ಒಣನೆಲದಲ್ಲಿ.

ಮಲ್ಲರಸ ಸೊಂಟಮಟ್ಟ ನೀರಿಗಿಳಿದ. ಮರಕ್ಕೂ ಹೊಸ ದಂಡೆಗೂ ಹಗ್ಗ ಎಳೆದ. ಬೀಜ ಹಾಕಿದ, ಹಾಕುತ್ತ ಹೋದ.

ನಡುವೆ ಜಾಲಿಪೊದೆ ಅಡ್ಡ ಬಂತು. ಹಳೆಯ ದಂಡೆಯೂ ಹೊಸ ದಂಡೆಯೂ ಒಂದನ್ನೊಂದು ದಾಟುವುದು ಅದರೊಳಗೇ ಎಲ್ಲೋ. ಆ ಮುಳ್ಳಿನೊಳಗೆ ಯಾರು ನುಗ್ಗುತ್ತಾರೆ, ಬಿಡಿ! ಸುತ್ತುಹಾಕಿ ಆಚೆ ಹೋದ. ಅಲ್ಲಿಂದ ಬೀಜ ತೆಗೆದ, ತೆಗೆಯುತ್ತ ಹೋದ. ಕೈ ಹಗ್ಗದಲ್ಲಿದ್ದರೂ ಮನಸ್ಸು ದೋಣಿಯಲ್ಲಿತ್ತು.

ಮಧ್ಯಾಹ್ನಕ್ಕೆ ಕೊನೆಯ ಗೂಟ ಮುಗಿಯಿತು. ಜೋಳಿಗೆಯೊಳಗೆ ಕೈಯಾಡಿಸಿದ. ಒಂದೇ ಒಂದು ಬೀಜವೂ ಇರಲಿಲ್ಲ.

ಅಬ್ಬಾ, ಎಂಥ ಅಚ್ಚುಕಟ್ಟು! ಅವನಿಗೆ ಕುಣಿಯುವಷ್ಟು ಖುಷಿಯಾಯಿತು.

ದಂಡೆಯ ಮೇಲೆ ಕೆಂಚವ್ವ ಕಾದು ನಿಂತಿದ್ದಳು.

“ಲೆಕ್ಕ ಆಯ್ತಾ ಅಯ್ಯನೋರೇ? ನಂದು ಎಷ್ಟು ಹೋಗೈತೆ?”

“ಏನೂ ಹೋಗಿಲ್ಲ ಅವ್ವಾ. ಸೊನ್ನೆ.”

ಆಕೆ ನೀರು ನೋಡಿದಳು. ನೀರಲ್ಲಿ ನಿಂತ ಹೊಂಗೆಮರ ನೋಡಿದಳು. ಆಮೇಲೆ ಅವನ ಮುಖ ನೋಡಿದಳು.

“ಹಂಗಾರೆ ನಾಳೆ ನಾನು ಎಲ್ಲಿ ಬಿತ್ಲಿ?”

“ಸಂಜೆ ಗುರುಗಳು ಹೇಳುತ್ತಾರೆ” ಎಂದು ಮಲ್ಲರಸ ಅಲ್ಲಿಂದ ಕಾಲು ಕಿತ್ತ.

ಆಶ್ರಮದಲ್ಲಿ ಎದುರುಬದುರು ಎರಡು ಎಲೆ ಹಾಕಿತ್ತು. ಒಂದೊಂದು ಎಲೆಗೆ ಒಂದೊಂದು ರಾಗಿಮುದ್ದೆ, ಪಕ್ಕದಲ್ಲಿ ದೊನ್ನೆಯ ತುಂಬ ಸಾರು.

“ಉತ್ತರ ಏನು ಬಂತು?” ಎಂದರು ಗುರುಗಳು.

“ಸೊನ್ನೆ ಗುರುಗಳೇ. ತಿಂದಷ್ಟೂ ಕೊಟ್ಟಿದೆ. ಚೂರು ಹೆಚ್ಚಿಲ್ಲ, ಚೂರು ಕಡಿಮೆಯಿಲ್ಲ. ಯಾರಿಗೂ ನಷ್ಟವಿಲ್ಲ.”

“ಭೇಷ್” ಎಂದು ಗುರುಗಳು ಕೈ ಚಾಚಿ ಅವನ ಎಲೆಯ ಮುದ್ದೆ ಎತ್ತಿ ತಮ್ಮ ಎಲೆಗೆ ಹಾಕಿಕೊಂಡರು.

ಮಲ್ಲರಸ ಕಾದ. ತಮಾಷೆಯಿರಬೇಕು, ಬಿಸಿ ಮುದ್ದೆ ಬರಬಹುದು. ಬರಲಿಲ್ಲ. ಬೆಳಗಿನಿಂದ ನೀರಲ್ಲಿ ಒದ್ದಾಡಿದ ಹೊಟ್ಟೆ ಚುರುಗುಟ್ಟುತ್ತಿತ್ತು.

“ಗುರುಗಳೇ, ನನ್ನ ಮುದ್ದೆ?”

“ಎರಡೂ ಎಲೆ ಸೇರಿಸಿ ಲೆಕ್ಕ ಹಾಕು. ಆಗಲೂ ಎರಡು ಮುದ್ದೆ, ಈಗಲೂ ಎರಡೇ. ಯಾರಿಗೂ ನಷ್ಟವಿಲ್ಲ.”

ಎಂದವರೇ ಮುರಿದು, ಸಾರಿಗೆ ಅದ್ದಿ, ನೆಮ್ಮದಿಯಾಗಿ ನುಂಗತೊಡಗಿದರು.

ಅವನಿಗೆ ಸಿಟ್ಟು ನೆತ್ತಿಗೇರಿತು. “ಇದೆಲ್ಲಿಯ ನ್ಯಾಯ! ಹಸಿದವನು ನಾನು, ನನ್ನ ಎಲೆ...”

ಖಾಲಿ ಎಲೆ ನೋಡಿದ. ಹೆಗಲಿನ ಖಾಲಿ ಜೋಳಿಗೆ ನೋಡಿದ. ಕೆಂಚವ್ವ ತನ್ನ ಮುಖ ನೋಡಿದ್ದು ನೆನಪಾಯಿತು. ನಾಚಿಕೆಯಿಂದ ಕಿವಿ ಬಿಸಿಯಾದವು.

“ಗುರುಗಳೇ, ಆ ಇನ್ನೊಂದು ಜೋಳಿಗೆ ಕೊಡಿ.”

“ಮೊಳೆಯಲ್ಲೇ ಇದೆ. ತಗೋ.”

ಈ ಸಲ ಅವನು ಜಾಲಿಪೊದೆಗೆ ಸುತ್ತುಹಾಕಲಿಲ್ಲ. ಮೈ ತರಚಿತು, ಪಂಚೆ ಹರಿಯಿತು, ಆದರೂ ಒಳಗೆ ನುಗ್ಗಿದ. ಅಲ್ಲಿ ಒಂದು ಹೊಂಗೆಮರದ ಬುಡಕ್ಕೆ ಸರಿಯಾಗಿ ನೀರಿನ ಅಂಚು ತಾಕುತ್ತಿತ್ತು. ಎರಡು ದಂಡೆಗಳೂ ಒಂದನ್ನೊಂದು ದಾಟುವ ಜಾಗ ಅದೇ.

ಅಲ್ಲೊಂದು ಗೂಟ ಹೊಡೆದ. ಅದರ ಮೇಲುಗಡೆಯದೆಲ್ಲ ಎಡಹೆಗಲಿನ ಜೋಳಿಗೆಗೆ, ಕೆಳಗಡೆಯದೆಲ್ಲ ಬಲಹೆಗಲಿನದಕ್ಕೆ. ಮತ್ತೆ ಮೊದಲಿನಿಂದ ಹಗ್ಗ ಹಿಡಿದ.

ಹೊತ್ತು ಇಳಿಯುತ್ತಿತ್ತು. ಹೊಳೆಯಿಂದ ದೋಣಿಯವನ ಕೂಗು ಕೇಳಿಸಿತು.

“ಬರ್ತೀರೇನ್ರೀ? ಹೊತ್ತಾಯ್ತು!”

ಮಲ್ಲರಸ ಹೊಳೆಯ ಕಡೆ ತಿರುಗಿದ. ಇನ್ನೂ ಎಷ್ಟೋ ಪಟ್ಟೆ ಉಳಿದಿತ್ತು. ಬೇಗ ಬೇಗ ಎಳೆದರೆ? ನಾಲ್ಕು ಗೂಟ ಹಾರಿಸಿದರೆ? ಯಾರಿಗೆ ಗೊತ್ತಾಗುತ್ತದೆ?

“ನೀನು ಹೋಗಪ್ಪಾ” ಎಂದ.

ಹೇಳಿದ ಮೇಲೂ ಹುಟ್ಟಿನ ಸದ್ದು ಅಡಗುವವರೆಗೆ ಹಗ್ಗ ಹಿಡಿದು ನಿಂತೇ ಇದ್ದ. ಆಮೇಲೆ ಮುಂದಿನ ಗೂಟಕ್ಕೆ ನಡೆದ.

ಸಂಜೆ ಹಿರಿಯರು ಅಂಗಳದಲ್ಲಿ ಸೇರಿದರು. ಮಲ್ಲರಸ ಎರಡೂ ಜೋಳಿಗೆ ಅವರ ಮುಂದಿಟ್ಟ.

“ಇದು ಹೊಳೆ ಕೆಂಚವ್ವನಿಂದ ತಿಂದದ್ದು. ಇದು ಗೌಡರ ಹೊಲದ ಮುಂದೆ ಬಿಟ್ಟದ್ದು.”

ಹಾಲಪ್ಪಗೌಡ ಎರಡನ್ನೂ ಎತ್ತಿ ತೂಗಿ ನೋಡಿದ. ಸಮವಾಗಿದ್ದವು. ಅವನ ಮುಖ ಹುಳ್ಳಗಾಯಿತು.

“ಅಂದರೆ ಮೆಕ್ಕಲು ಪೂರಾ ಆಕೆಗೇ ಹೋಯ್ತಲ್ಲ!”

“ಕಟ್ಟಳೆ ಕಟ್ಟಳೆಯೇ ಗೌಡ್ರೇ” ಎಂದು ಹಿರಿಯರೊಬ್ಬರು ಎದ್ದರು. ಅಲ್ಲಿಗೆ ಮಾತು ಮುಗಿಯಿತು.

ಕೆಂಚವ್ವ ತನ್ನ ಜೋಳಿಗೆಯೊಳಗೆ ಮೊಣಕೈವರೆಗೆ ಕೈ ಇಳಿಸಿದಳು. “ಇಷ್ಟು ಹೋಗಿತ್ತಾ ನಂದು!” ಎಂದವಳು ಗೊಳೋ ಎಂದು ಅತ್ತುಬಿಟ್ಟಳು. ಆಮೇಲೆ ಸೆರಗಿನಲ್ಲಿ ಕಣ್ಣೊರೆಸಿಕೊಂಡು, ಬಿತ್ತನೆಗೆ ಅಣಿಮಾಡಿಕೊಳ್ಳಲು ಮನೆಯ ಕಡೆ ಓಡಿದಳು.

ಊಟದ ಹೊತ್ತಿಗೆ ಗುರುಗಳು ಮಲ್ಲರಸನ ಎಲೆಗೆ ಎರಡು ಮುದ್ದೆ ಹಾಕಿದರು. ಹಸಿದವನು ಒಂದನ್ನು ಉಸಿರೆತ್ತದೆ ಮುಗಿಸಿದ. ಆದರೆ ಜಾಯಮಾನ ಎಲ್ಲಿ ಹೋದೀತು? ಎರಡನೆಯದಕ್ಕೆ ಕೈ ಹಾಕುವ ಮುಂಚೆಯೇ ಅನುಮಾನವೊಂದು ಕುಟುಕಿತು.

“ಗುರುಗಳೇ, ಈಗಲೂ ಒಂದು ಜೋಳಿಗೆಯಿಂದ ಇನ್ನೊಂದನ್ನು ಕಳೆದರೆ ಸೊನ್ನೆಯೇ ತಾನೇ? ಹಾಗಾದರೆ ನನ್ನ ಮೊದಲ ಉತ್ತರದಲ್ಲಿ ತಪ್ಪೇನಿತ್ತು?”

ಸಂಗಮಯ್ಯನವರು ಅವನ ದೊನ್ನೆಗೆ ಸಾರು ಬಡಿಸಿದರು.

“ತಪ್ಪೇನಿರಲಿಲ್ಲ. ಹೊಳೆ ಬಂದು ಕೇಳಿದ್ದರೆ ಅದೇ ಉತ್ತರ. ಕೇಳಿದವಳು ಕೆಂಚವ್ವ.”